ಪಾಸ್‌ವರ್ಡ್ ಫೈಲ್ ಅಳಿಸಿದರೆ ಸಾಲದು

ನಾನು ಕಂಪ್ಯೂಟರ್ ನೋಡಿಕೊಳ್ಳುವ ಒಂದು ಆಡಿಟರ್ ಆಫೀಸಿನಲ್ಲಿ ಜಿಎಸ್‌ಟಿ, ಆದಾಯ ತೆರಿಗೆ, ಪಿಎಫ್ ಹೀಗೆ ಕ್ಲೈಂಟ್‌ಗಳ ಎಲ್ಲ ಲಾಗಿನ್‌ಗಳೂ ಒಂದೇ ನೋಟ್‌ಪ್ಯಾಡ್ ಫೈಲಿನಲ್ಲಿದ್ದವು. ‘ಕಂಪ್ಯೂಟರ್‌ಗೇ ಪಾಸ್‌ವರ್ಡ್ ಇದೆಯಲ್ಲ ಸಾರ್’ ಅಂದರು ಅಲ್ಲಿನ ಸಿಬ್ಬಂದಿ. ಆದರೆ ಒಳಗೆ ಬಂದ ಮಾಲ್‌ವೇರ್, ಅಂದರೆ ಹಾನಿ ಮಾಡುವ ಪ್ರೋಗ್ರಾಂ, ಓಡುವುದು ನಮ್ಮದೇ ಲಾಗಿನ್‌ನಲ್ಲಿ. ನಾವು ತೆರೆಯುವ ಫೈಲನ್ನು ಅದೂ ತೆರೆಯುತ್ತದೆ. ರೆಡ್‌ಲೈನ್‌ನಂಥ ಮಾಹಿತಿ ಕದಿಯುವ ಮಾಲ್‌ವೇರ್‌ಗಳು ಡೆಸ್ಕ್‌ಟಾಪ್‌ನಲ್ಲಿರುವ ಟೆಕ್ಸ್ಟ್ ಫೈಲುಗಳನ್ನೂ ಹುಡುಕಿ ಕದಿಯುತ್ತವೆ. 2014ರಲ್ಲಿ ಸೋನಿ ಪಿಕ್ಚರ್ಸ್‌ನಿಂದ ಸೋರಿದ ಕಡತಗಳಲ್ಲಿ ‘ಪಾಸ್‌ವರ್ಡ್’ ಅನ್ನುವ ಹೆಸರಿನ ಫೋಲ್ಡರೇ ಇತ್ತು.

ಪಾಸ್‌ವರ್ಡ್‌ಗಳನ್ನು ಭದ್ರವಾಗಿಡುವ ಹೊಸ ಆ್ಯಪ್ ಹಾಕುವ ಮೊದಲು ನಾನು ಆ ಫೈಲಿನ ನಕಲುಗಳನ್ನು ಹುಡುಕಿದೆ. ಫೈಲಿನಲ್ಲಿದ್ದ ಒಂದು ಯೂಸರ್‌ನೇಮ್ ಹಿಡಿದು ಎಲ್ಲ ಕಡೆ ಜಾಲಾಡಿದೆ. ಬ್ಯಾಕಪ್ ಹಾರ್ಡ್‌ಡಿಸ್ಕ್, ಪೆನ್‌ಡ್ರೈವ್, ಕಳಿಸಿದ ಮೇಲ್, ವಾಟ್ಸ್ಆ್ಯಪ್ ಗ್ರೂಪ್, ಎಲ್ಲ ಕಡೆಯೂ ನಕಲು ಸಿಕ್ಕಿತು, ಅಳಿಸಿದೆ. ಗೂಗಲ್ ಡ್ರೈವ್‌ನಲ್ಲಿ ಅಳಿಸಿದ ಫೈಲ್ ಟ್ರ್ಯಾಶ್‌ನಲ್ಲಿ 30 ದಿನ ಇರುತ್ತದೆ, ಅದನ್ನೂ ಖಾಲಿ ಮಾಡಿದೆ.

ಆಮೇಲೆ ಕೀಪಾಸ್‌ಎಕ್ಸ್‌ಸಿ ಅನ್ನುವ ಪಾಸ್‌ವರ್ಡ್ ಮ್ಯಾನೇಜರ್ ಹಾಕಿದೆ. ಉಚಿತ, ಇಂಟರ್ನೆಟ್ ಬೇಡ, ಎಲ್ಲವೂ ಎನ್‌ಕ್ರಿಪ್ಟ್ ಆದ ಒಂದೇ ಫೈಲಿನಲ್ಲಿರುತ್ತದೆ. ಹಳೆಯ ಪಟ್ಟಿಯನ್ನು ಎಕ್ಸೆಲ್‌ಗೆ ಹಾಕಿ, ಸಿಎಸ್‌ವಿ ಮಾಡಿ ಇಂಪೋರ್ಟ್ ಮಾಡಿದೆ. ಆ ಸಿಎಸ್‌ವಿ ಕೂಡ ಬರೀ ಟೆಕ್ಸ್ಟೇ ಅಲ್ವಾ? ಕೆಲಸ ಮುಗಿದ ಕೂಡಲೇ ಎಕ್ಸೆಲ್ ಜೊತೆ ಅದನ್ನೂ ತೆಗೆದೆ. ಜಿಎಸ್‌ಟಿ ನೋಡುವವರಿಗೆ ಒಂದು ಡೇಟಾಬೇಸ್, ಉಳಿದದ್ದಕ್ಕೆ ಇನ್ನೊಂದು. ಡೇಟಾಬೇಸ್ ತೆರೆಯುವ ಮಾಸ್ಟರ್ ಪಾಸ್‌ವರ್ಡ್‌ಗೆ ಒಂದಕ್ಕೊಂದು ಸಂಬಂಧವಿಲ್ಲದ ಆರು ಪದಗಳನ್ನು ಒಂದು ಪದಪಟ್ಟಿಯಿಂದ ದಾಳ ಉರುಳಿಸಿ ಆರಿಸಿದೆವು. ಅದನ್ನು ಕಾಗದದಲ್ಲಿ ಬರೆದು ಆಡಿಟರ್ ತಮ್ಮ ಲಾಕರ್‌ನಲ್ಲಿಟ್ಟರು. ಅದು ಮರೆತುಹೋದರೆ ಫೈಲ್ ತೆರೆಯಲು ಬೇರೆ ದಾರಿ ಇಲ್ಲ. ಕಾಪಿ ಮಾಡಿದ ಪಾಸ್‌ವರ್ಡ್ 10 ಸೆಕೆಂಡಿಗೆ ಕ್ಲಿಪ್‌ಬೋರ್ಡ್‌ನಿಂದ ಹೋಗುತ್ತದೆ. ಸ್ವಲ್ಪ ಹೊತ್ತು ಮುಟ್ಟದಿದ್ದರೆ ತಾನಾಗಿ ಲಾಕ್ ಆಗುವ ಹಾಗೆಯೂ ಮಾಡಿದೆ.

ಜಾಸ್ತಿ ಹೊತ್ತು ಹಿಡಿದದ್ದು ಪಾಸ್‌ವರ್ಡ್‌ಗಳನ್ನೇ ಬದಲಿಸುವ ಕೆಲಸ. ಸುಮಾರು ಜನ ಇದನ್ನು ಬಿಟ್ಟುಬಿಡುತ್ತಾರೆ. ಇಷ್ಟು ಕಡೆ ಹರಡಿದ್ದ ಫೈಲನ್ನು ಈಗಾಗಲೇ ಯಾರು ನೋಡಿದ್ದಾರೋ ಹೇಗೆ ಗೊತ್ತಾಗಬೇಕು? ಹೊಸ ಕಂಪ್ಯೂಟರ್‌ಗಳಲ್ಲಿ ಹಾರ್ಡ್‌ಡಿಸ್ಕ್ ಬದಲು ಇರುವ ಎಸ್‌ಎಸ್‌ಡಿಯಲ್ಲಂತೂ ಅಳಿಸಿದ ಡೇಟಾ ನಿಜವಾಗಿ ಹೋಯಿತೇ ಅಂತ ಖಾತ್ರಿ ಮಾಡಿಕೊಳ್ಳುವುದು ಕಷ್ಟ. ಅದಕ್ಕಿಂತ ದೊಡ್ಡ ತೊಂದರೆ ಬೇರೆ ಇತ್ತು. ಕ್ಲೈಂಟ್ ಹೆಸರು, ಮುಂದೆ ಒಂದು ಚಿಹ್ನೆ, ಆಮೇಲೆ ಇಸವಿ, ಎಲ್ಲಕ್ಕೂ ಇದೇ ಅಚ್ಚು. ನಾಲ್ಕು ಸಾಲು ನೋಡಿದವರು ಉಳಿದದ್ದನ್ನೂ ಊಹಿಸಬಹುದು, ಮುಂದಿನ ವರ್ಷದ್ದನ್ನೂ ಊಹಿಸಬಹುದು. ಅದಕ್ಕೇ ಪ್ರತಿಯೊಂದಕ್ಕೂ ಕೀಪಾಸ್‌ಎಕ್ಸ್‌ಸಿಯಿಂದಲೇ ಬೇರೆ ಬೇರೆ ಪಾಸ್‌ವರ್ಡ್ ಮಾಡಿಸಿದೆ. ರಿಫಂಡ್ ಬರುವ ಬ್ಯಾಂಕ್ ಖಾತೆ ಇರುವುದರಿಂದ ಆದಾಯ ತೆರಿಗೆ ಲಾಗಿನ್‌ಗಳು ಮೊದಲು, ನಂತರ ಜಿಎಸ್‌ಟಿ.

ಹೊಸ ಪಾಸ್‌ವರ್ಡ್ ಬೇಕೆಂದು ಕ್ಲೈಂಟ್ ಕೇಳಿದರೆ ಸಿಬ್ಬಂದಿ ಈಗ ಫೋನಿನಲ್ಲಿ ಓದಿ ಹೇಳುತ್ತಾರೆ. ವಾಟ್ಸ್ಆ್ಯಪ್‌ನಲ್ಲಿ ಕಳಿಸುವುದನ್ನು ನಿಲ್ಲಿಸಿದ್ದಾರೆ.