ಡಿಎಲ್‌ಎಲ್ ಕಾಣೆಯಾಗಿದೆಯೇ? ಫೈಲ್ ಹುಡುಕಬೇಡಿ, ಅದರ ಮನೆ ಹುಡುಕಿ

ಹೊಸ ಪ್ರೋಗ್ರಾಂ ಹಾಕಿಕೊಂಡಿದ್ದೀರಿ. ಐಕಾನ್ ಮೇಲೆ ಎರಡು ಸಲ ಒತ್ತಿದರೆ ಪ್ರೋಗ್ರಾಂ ಬದಲು ಒಂದು ಪುಟ್ಟ ಸಂದೇಶ ಬರುತ್ತದೆ: ‘ಎಂಎಸ್‌ವಿಸಿಪಿ140.ಡಿಎಲ್‌ಎಲ್ ಸಿಗಲಿಲ್ಲ. ಪ್ರೋಗ್ರಾಂ ಮತ್ತೆ ಇನ್‌ಸ್ಟಾಲ್ ಮಾಡಿದರೆ ಸರಿಹೋಗಬಹುದು.’ ಸರಿ ಅಂತ ಮತ್ತೆ ಇನ್‌ಸ್ಟಾಲ್ ಮಾಡುತ್ತೀರಿ. ಮತ್ತೆ ಅದೇ ರಾಗ, ಅದೇ ತಾಳ.

ಯಾಕೆಂದರೆ ಕಾಣೆಯಾದ ಫೈಲ್ ಆ ಪ್ರೋಗ್ರಾಂನದ್ದೇ ಅಲ್ಲ. ಎಷ್ಟೋ ಪ್ರೋಗ್ರಾಂಗಳಿಗೆ ಬೇಕಾಗುವ ಸಾಮಾನ್ಯ ಕೆಲಸಗಳ ಕೋಡನ್ನು ಬೇರೆ ಫೈಲಿನಲ್ಲಿ ಇಟ್ಟಿರುತ್ತಾರೆ. ಬೇಕಾದವರೆಲ್ಲ ಅದೊಂದನ್ನೇ ಹಂಚಿಕೊಂಡು ಬಳಸುತ್ತಾರೆ. ವಿಂಡೋಸ್‌ನಲ್ಲಿ ಇದರ ಹೆಸರು ಡಿಎಲ್‌ಎಲ್, ಲಿನಕ್ಸ್‌ನಲ್ಲಿ ‘ಎಸ್ಒ’ ಫೈಲ್. 1985ರ ಮೊದಲ ವಿಂಡೋಸ್‌ನಿಂದಲೂ ಈ ಪದ್ಧತಿ ಇದೆ. ಆಗ ಮೆಮೊರಿ ತೀರಾ ಕಡಿಮೆ, ಒಂದೇ ಕೋಡನ್ನು ಹತ್ತು ಕಡೆ ತುಂಬಿಸುವ ಐಷಾರಾಮ ಇರಲಿಲ್ಲ.

ಈಗ ನಾನು ಮಾಡಿದ ತಪ್ಪು ಹೇಳುತ್ತೇನೆ. ಫೈಲಿನ ಹೆಸರನ್ನು ಹಾಗೇ ಹುಡುಕಿ, ಯಾವುದೋ ತಾಣದಿಂದ ಆ ಒಂದು ಡಿಎಲ್‌ಎಲ್ ಮಾತ್ರ ಇಳಿಸಿಕೊಂಡೆ. ‘ಸಿಸ್ಟಂ32’ ಫೋಲ್ಡರಿಗೆ ಹಾಕಿದೆ. ಹಳೇ ಸಂದೇಶ ಹೋಗಿ ‘0ಎಕ್ಸ್‌ಸಿ000007ಬಿ’ ಎಂಬ ಇನ್ನೊಂದು ದೋಷ ಬಂತು. 64 ಬಿಟ್ ಪ್ರೋಗ್ರಾಂಗೆ 32 ಬಿಟ್ ಫೈಲ್ ಕೊಟ್ಟಿದ್ದೆ! ತಮಾಷೆ ಏನು ಗೊತ್ತಾ? 64 ಬಿಟ್ ವಿಂಡೋಸ್‌ನಲ್ಲಿ ‘ಸಿಸ್ಟಂ32’ ಒಳಗೆ ಇರುವುದು 64 ಬಿಟ್ ಫೈಲುಗಳು. 32 ಬಿಟ್ ಫೈಲುಗಳು ‘ಸಿಸ್‌ವಾವ್64’ ಎಂಬ ಫೋಲ್ಡರಿನಲ್ಲಿರುತ್ತವೆ. ಹೆಸರು ನಂಬಿದರೆ ಕೆಟ್ಟೆವು. ಮೇಲಾಗಿ ಅಂಥ ತಾಣದ ಫೈಲ್ ಜತೆ ವೈರಸ್ಸೂ ಬರಬಹುದು. ಬಿಡಿ ಫೈಲ್ ತರುವ ಆಸೆ ಬಿಟ್ಟುಬಿಡಿ.

ಹಾಗಾದರೆ ಮಾಡಬೇಕಾದದ್ದೇನು?

ಮೊದಲು ಹೆಸರನ್ನು ಅಕ್ಷರ ಬಿಡದೆ ಓದಿ. ಬೇಕಿದ್ದರೆ ಫೋಟೊ ತೆಗೆದಿಟ್ಟುಕೊಳ್ಳಿ. ಅರ್ಧ ಉತ್ತರ ಹೆಸರಿನಲ್ಲೇ ಇರುತ್ತದೆ. ‘ಎಂಎಸ್‌ವಿಸಿ’ ಅಥವಾ ‘ವಿಸಿರನ್‌ಟೈಮ್’ ಅಂತ ಶುರುವಾದರೆ ಅದು ಮೈಕ್ರೋಸಾಫ್ಟ್‌ನ ವಿಷುವಲ್ ಸಿ++ ರೀಡಿಸ್ಟ್ರಿಬ್ಯೂಟಬಲ್ ಎಂಬ ಕಂತೆಗೆ ಸೇರಿದ್ದು. ಕೊನೆಯ ಅಂಕಿ ನೋಡಿ: 100 ಇದ್ದರೆ 2010ರ ಕಂತೆ, 110 ಇದ್ದರೆ 2012ರದ್ದು, 120 ಇದ್ದರೆ 2013ರದ್ದು. 140 ಇದ್ದರೆ 2015 ಮತ್ತು ಅದರ ಈಚಿನದ್ದು. 2015ರಿಂದ ಈಚಿನವಕ್ಕೆಲ್ಲ ಒಂದೇ ಕಂತೆ ಸಾಕು. ‘ಡಿ3ಡಿಎಕ್ಸ್9’ ಅಂತ ಇದ್ದರೆ ಹಳೇ ಆಟಗಳಿಗೆ ಬೇಕಾಗುವ ಡೈರೆಕ್ಟ್‌ಎಕ್ಸ್ (ಆಟಗಳ ಚಿತ್ರ, ಸದ್ದು ನೋಡಿಕೊಳ್ಳುವ ಮೈಕ್ರೋಸಾಫ್ಟ್‌ನ ಕೋಡ್) ಫೈಲ್. ‘ನನ್ನಲ್ಲಿ ಡೈರೆಕ್ಟ್‌ಎಕ್ಸ್ 12 ಇದೆಯಲ್ಲ’ ಅಂದರೆ ನಡೆಯುವುದಿಲ್ಲ. ಹೊಸದರಲ್ಲಿ ಈ ಹಳೇ ಫೈಲುಗಳು ಇರುವುದಿಲ್ಲ. ಮೈಕ್ರೋಸಾಫ್ಟ್ 2010ರ ಜೂನ್‌ನಲ್ಲಿ ಕೊಟ್ಟ ಡೈರೆಕ್ಟ್‌ಎಕ್ಸ್ ರನ್‌ಟೈಮ್ ಬೇರೆಯಾಗಿ ಹಾಕಬೇಕು.

ಮನೆ ಗೊತ್ತಾಯಿತಲ್ಲ, ಈಗ ಆ ಇಡೀ ಕಂತೆಯನ್ನು ಮೈಕ್ರೋಸಾಫ್ಟ್ ತಾಣದಿಂದಲೇ ಇಳಿಸಿ. ವಿಷುವಲ್ ಸಿ++ ಆದರೆ ಎಕ್ಸ್86 (32 ಬಿಟ್), ಎಕ್ಸ್64 (64 ಬಿಟ್) ಎರಡನ್ನೂ ಹಾಕಿ. ಕಂಪ್ಯೂಟರ್ 64 ಬಿಟ್ ಇದ್ದರೂ ಪ್ರೋಗ್ರಾಂ 32 ಬಿಟ್ ಇರಬಹುದು, ಅಲ್ವಾ? ಆಮೇಲೆ ಒಮ್ಮೆ ರೀಸ್ಟಾರ್ಟ್ ಮಾಡಿ. ಇನ್‌ಸ್ಟಾಲ್ ಆದವುಗಳ ಪಟ್ಟಿಯಲ್ಲಿ ಆರೇಳು ವಿಷುವಲ್ ಸಿ++ ಕಂಡು ‘ಇಷ್ಟೊಂದು ಯಾಕೆ?’ ಅಂತ ಸುಮ್ನೆ ತೆಗೆದುಹಾಕಬೇಡಿ. ಡಿಎಲ್‌ಎಲ್ ಕಾಣೆಯಾಗಲು ಇಂಥ ಶುಚಿಕಾರ್ಯವೂ ಒಂದು ಕಾರಣ.

ಹೆಸರು ಇವು ಯಾವುದಕ್ಕೂ ಹೊಂದದಿದ್ದರೆ ಅದು ಪ್ರೋಗ್ರಾಂನ ಸ್ವಂತ ಫೈಲ್ ಇರಬೇಕು. ವಿಂಡೋಸ್ ಸಾಮಾನ್ಯವಾಗಿ ಡಿಎಲ್‌ಎಲ್‌ಗಾಗಿ ಮೊದಲು ನೋಡುವುದು ಪ್ರೋಗ್ರಾಂ ಇರುವ ಫೋಲ್ಡರಿನಲ್ಲಿ. ಆಮೇಲೆ ವಿಂಡೋಸ್‌ನ ಫೋಲ್ಡರುಗಳಲ್ಲಿ. ಹಾಗಾಗಿ ಶಾರ್ಟ್‌ಕಟ್ ಮಾಡುವ ಬದಲು ಪ್ರೋಗ್ರಾಂ ಓಡಿಸುವ ‘ಎಕ್ಸಿ’ ಫೈಲನ್ನೇ ಡೆಸ್ಕ್‌ಟಾಪಿಗೆ ಎಳೆದು ತಂದರೆ ಅದು ತನ್ನ ಸಂಗಾತಿಗಳಿಂದ ದೂರವಾಗುತ್ತದೆ. ಜಿಪ್ ಬಿಚ್ಚದೆ ಒಳಗಿಂದಲೇ ಓಡಿಸಿದರೂ ಇದೇ ಕಥೆ. ಇವೆರಡೂ ಅಲ್ಲವೇ? ಆಂಟಿವೈರಸ್‌ನ ಕ್ವಾರಂಟೈನ್ ಪಟ್ಟಿ ನೋಡಿ. ಫೈಲ್ ಅಲ್ಲಿ ಸಿಕ್ಕಿಬಿದ್ದಿದ್ದರೆ ತಟ್ಟನೆ ಬಿಡಿಸಬೇಡಿ. ಪ್ರೋಗ್ರಾಂ ಅಧಿಕೃತ ಜಾಗದಿಂದ ಬಂದದ್ದೇ ಅಂತ ಮೊದಲು ಖಾತ್ರಿ ಮಾಡಿಕೊಳ್ಳಿ. ಅದೂ ಅಲ್ಲದಿದ್ದರೆ ಆಗ ಮಾತ್ರ ಪ್ರೋಗ್ರಾಂ ಮತ್ತೆ ಇನ್‌ಸ್ಟಾಲ್ ಮಾಡಿ.

ಒಂದಲ್ಲ, ಹಲವು ಪ್ರೋಗ್ರಾಂಗಳು ಒಟ್ಟಿಗೆ ಕೈಕೊಟ್ಟರೆ ವಿಂಡೋಸ್‌ಗೇ ಪೆಟ್ಟಾಗಿರಬಹುದು. ಕಮಾಂಡ್ ಪ್ರಾಂಪ್ಟನ್ನು ಅಡ್ಮಿನಿಸ್ಟ್ರೇಟರ್ ಆಗಿ ತೆರೆಯಿರಿ. ಇಂಗ್ಲಿಷ್ ಅಕ್ಷರಗಳಲ್ಲಿ ‘ಎಸ್‌ಎಫ್‌ಸಿ’ ಬರೆದು, ಜಾಗ ಬಿಟ್ಟು, ಓರೆಗೆರೆ ಹಾಕಿ, ಅದಕ್ಕೆ ಅಂಟಿಕೊಂಡಂತೆ ‘ಸ್ಕ್ಯಾನ್‌ನೌ’ ಬರೆದು ಎಂಟರ್ ಒತ್ತಿ. ಸ್ವಲ್ಪ ಹೊತ್ತು ಹಿಡಿಯುತ್ತದೆ. ಕೆಟ್ಟ ಸಿಸ್ಟಂ ಫೈಲುಗಳನ್ನು ಅದೇ ಹುಡುಕಿ ಬದಲಿಸುತ್ತದೆ.

ಲಿನಕ್ಸ್ ಬಳಸುವವರಿಗೆ ಕೆಲಸ ಇನ್ನೂ ಸುಲಭ. ಟರ್ಮಿನಲ್‌ನಲ್ಲಿ ‘ಎಲ್‌ಡಿಡಿ’ ಬರೆದು ಪ್ರೋಗ್ರಾಂನ ದಾರಿ ಕೊಟ್ಟರೆ ಬೇಕಾದ ಲೈಬ್ರರಿಗಳ, ಅಂದರೆ ‘ಎಸ್ಒ’ ಫೈಲುಗಳ, ಪಟ್ಟಿ ಬರುತ್ತದೆ. ಇಲ್ಲದ್ದರ ಮುಂದೆ ‘ನಾಟ್ ಫೌಂಡ್’ ಅಂತ ಇರುತ್ತದೆ. ನಂಬಿಕೆ ಇಲ್ಲದ ಪ್ರೋಗ್ರಾಂ ಮೇಲೆ ಮಾತ್ರ ಇದನ್ನು ಪ್ರಯೋಗಿಸಬೇಡಿ, ಕೆಲವೊಮ್ಮೆ ‘ಎಲ್‌ಡಿಡಿ’ ಆ ಪ್ರೋಗ್ರಾಂ ಅನ್ನೇ ಓಡಿಸಿಬಿಡಬಹುದು. ಕಾಣೆಯಾದ ಲೈಬ್ರರಿ ಯಾವ ಪ್ಯಾಕೇಜಿನದು ಅಂತ ನೋಡಿ, ಪ್ಯಾಕೇಜ್ ಮ್ಯಾನೇಜರ್ ಮೂಲಕ ಹಾಕಿ. ನೀವೇ ಕಂಪೈಲ್ ಮಾಡಿ ಹಾಕಿದ ಲೈಬ್ರರಿ ಆದರೆ, ಹಾಕಿದ ಮೇಲೆ ಅದು ಎಲ್ಲಿದೆ ಅಂತ ಸಿಸ್ಟಂಗೆ ತಿಳಿಸುವ ‘ಎಲ್‌ಡಿಕಾನ್ಫಿಗ್’ ಓಡಿಸುವುದನ್ನು ಮರೆಯಬೇಡಿ. ಫೈಲ್ ಎದುರಿಗೇ ಇದ್ದರೂ ‘ಇಲ್ಲ’ ಅನ್ನುವುದಕ್ಕೆ ಜಾಸ್ತಿ ಸಲ ಇದೇ ಕಾರಣ.