ಡಿಎಲ್‌ಎಲ್ ಕಡತ ಕಾಣೆಯಾಗಿದೆಯೇ? ಹುಡುಕಬೇಕಾದದ್ದು ಕಡತವನ್ನಲ್ಲ

ಹೊಸದಾಗಿ ಹಾಕಿಕೊಂಡ ಗೇಮ್ ಅಥವಾ ಫೋಟೊ ತಿದ್ದುವ ತಂತ್ರಾಂಶವನ್ನು ತೆರೆಯಲು ಹೋದಾಗ, ‘ವಿಸಿರನ್‌ಟೈಮ್140.ಡಿಎಲ್‌ಎಲ್ ಸಿಗಲಿಲ್ಲವಾದ್ದರಿಂದ ಮುಂದುವರಿಯಲಾಗದು’ ಎಂಬರ್ಥದ ಸಂದೇಶ ವಿಂಡೋಸ್ ಕಂಪ್ಯೂಟರ್‌ಗಳಲ್ಲಿ ಆಗಾಗ ಎದುರಾಗುತ್ತದೆ. ಹಲವರು ಆ ಹೆಸರನ್ನೇ ಗೂಗಲ್‌ನಲ್ಲಿ ಹುಡುಕಿ, ಬಿಡಿ ಡಿಎಲ್‌ಎಲ್ ಕೊಡುವ ಯಾವುದೋ ಜಾಲತಾಣದಿಂದ ಕಡತವನ್ನು ಇಳಿಸಿಕೊಂಡು, ವಿಂಡೋಸ್ ತನ್ನ ಕಡತಗಳನ್ನಿಡುವ ಸಿಸ್ಟಮ್32 ಫೋಲ್ಡರ್‌ಗೆ ಹಾಕುತ್ತಾರೆ. ಆ ಕಡತ ಯಾವ ಆವೃತ್ತಿಯದು, ಅದರೊಳಗೆ ಯಾರು ಏನು ಸೇರಿಸಿದ್ದಾರೆ ಎಂಬುದು ತಿಳಿಯದಿರುವುದರಿಂದ ಈ ದಾರಿಯನ್ನು ಹಿಡಿಯಲೇಬಾರದು.

ಡಿಎಲ್‌ಎಲ್ ಎಂದರೆ ಡೈನಾಮಿಕ್ ಲಿಂಕ್ ಲೈಬ್ರರಿ. ಮದುವೆಯ ಅಡುಗೆಗೆ ಬೇಕಾದ ದೊಡ್ಡ ಕೊಪ್ಪರಿಗೆಗಳನ್ನು ಮನೆಮನೆಯವರೂ ಕೊಳ್ಳದೆ ಊರ ದೇವಸ್ಥಾನದಿಂದ ತಂದುಕೊಳ್ಳುವಂತೆ, ಹಲವು ತಂತ್ರಾಂಶಗಳಿಗೆ ಸಮಾನವಾಗಿ ಬೇಕಾಗುವ ಕೋಡನ್ನು ಒಂದು ಕಡತದಲ್ಲಿಟ್ಟು ಎಲ್ಲವೂ ಬಳಸುವ ಏರ್ಪಾಡು ಇದು. ಇಂಥ ಕಡತಗಳು ಸಾಮಾನ್ಯವಾಗಿ ಒಂದೊಂದಾಗಿ ಬರುವುದಿಲ್ಲ, ಪ್ಯಾಕೇಜ್ ಆಗಿ ಬರುತ್ತವೆ. ಆದ್ದರಿಂದ ಕಾಣೆಯಾದ ಕಡತ ಯಾವ ಪ್ಯಾಕೇಜಿಗೆ ಸೇರಿದ್ದು ಎಂಬುದನ್ನು ಗುರುತಿಸುವುದೇ ಮೊದಲ ಹೆಜ್ಜೆ.

ಸಂದೇಶದಲ್ಲಿರುವ ಹೆಸರನ್ನು ಅಂಕಿಗಳ ಸಮೇತ ಬರೆದುಕೊಳ್ಳಿ. ವಿಸಿರನ್‌ಟೈಮ್140, ಎಂಎಸ್‌ವಿಸಿಪಿ140 ಎಂದಿದ್ದರೆ ಬೇಕಾದದ್ದು ‘ವಿಷುಯಲ್ ಸಿ++ ರೀಡಿಸ್ಟ್ರಿಬ್ಯೂಟಬಲ್’. 2015ರಿಂದ 2022ರವರೆಗಿನ ಆವೃತ್ತಿಗಳಿಗೆಲ್ಲ ಒಂದೇ ಪ್ಯಾಕೇಜ್ ಸಾಕು. ಎಂಎಸ್‌ವಿಸಿಆರ್120 ಆದರೆ 2013ರ, ಎಂಎಸ್‌ವಿಸಿಆರ್100 ಆದರೆ 2010ರ ಪ್ಯಾಕೇಜನ್ನೇ ಹಾಕಬೇಕು, ಹೊಸದು ಹಳೆಯದರ ಕೆಲಸ ಮಾಡುವುದಿಲ್ಲ. ಹಳೆಯ ಗೇಮ್‌ಗಳು ಡಿ3ಡಿಎಕ್ಸ್9_43 ಎಂಬ ಕಡತವನ್ನು ಕೇಳುವುದುಂಟು. ಅದು ಗೇಮ್‌ಗಳ ಚಿತ್ರ, ಧ್ವನಿಗೆ ನೆರವಾಗುವ ಡೈರೆಕ್ಟ್‌ಎಕ್ಸ್‌ನ, 2010ರ ಜೂನ್‌ನ ‘ಡೈರೆಕ್ಟ್‌ಎಕ್ಸ್ ಎಂಡ್ ಯೂಸರ್ ರನ್‌ಟೈಮ್’ ಪ್ಯಾಕೇಜಿನಲ್ಲಿದ್ದು, ವಿಂಡೋಸ್ 11ರಲ್ಲಿ ಡೈರೆಕ್ಟ್‌ಎಕ್ಸ್ 12 ಇದ್ದರೂ ಅದನ್ನು ಬೇರೆಯಾಗಿಯೇ ಹಾಕಿಕೊಳ್ಳಬೇಕಾಗುತ್ತದೆ. ಇವೆಲ್ಲವೂ ಮೈಕ್ರೋಸಾಫ್ಟ್‌ನ ಸ್ವಂತ ತಾಣದಲ್ಲಿ ಉಚಿತವಾಗಿ ಸಿಗುತ್ತವೆ.

ವಿಷುಯಲ್ ಸಿ++ ಪ್ಯಾಕೇಜನ್ನು ಇಳಿಸಿಕೊಳ್ಳುವಾಗ ಎಕ್ಸ್86, ಎಕ್ಸ್64 ಮುಂತಾದ ಬಗೆಗಳು ಕಾಣುತ್ತವೆ. ಇಂಟೆಲ್ ಅಥವಾ ಎಎಂಡಿ ಪ್ರೊಸೆಸರ್‌ನ 64 ಬಿಟ್ ವಿಂಡೋಸ್ ಇದ್ದವರು ಎರಡನ್ನೂ ಹಾಕಿಕೊಳ್ಳುವುದು ಲೇಸು, ಏಕೆಂದರೆ ತಂತ್ರಾಂಶ 32 ಬಿಟ್‌ನದಾಗಿದ್ದರೆ ಅದಕ್ಕೆ ಬೇಕಾಗುವುದು ಎಕ್ಸ್86. ಇಲ್ಲೊಂದು ವಿಚಿತ್ರವಿದೆ: ಹೆಸರಿನಲ್ಲಿ 32 ಇರುವ ಸಿಸ್ಟಮ್32 ಫೋಲ್ಡರ್‌ನಲ್ಲಿ ಇರುವುದು 64 ಬಿಟ್ ಕಡತಗಳು, 64ರ ಹೆಸರು ಹೊತ್ತ ಸಿಸ್‌ವಾವ್64ರಲ್ಲಿ ಇರುವುದು 32 ಬಿಟ್‌ನವು. ಕಡತವನ್ನು ಕೈಯಾರೆ ತುಂಬಲು ಹೋದವರು ಇಲ್ಲಿಯೇ ಎಡವುತ್ತಾರೆ, ಆಗ 0ಎಕ್ಸ್‌ಸಿ000007ಬಿ ಎಂಬ ಇನ್ನೊಂದು ದೋಷ ಶುರುವಾಗುತ್ತದೆ.

ಕಾಣೆಯಾದದ್ದು ವಿಂಡೋಸ್‌ನದೇ ಕಡತವಾಗಿದ್ದರೆ ಆದೇಶಗಳನ್ನು ಟೈಪಿಸುವ ಕಿಟಕಿಯಾದ ಕಮಾಂಡ್ ಪ್ರಾಂಪ್ಟನ್ನು ‘ರನ್ ಆ್ಯಸ್ ಅಡ್ಮಿನಿಸ್ಟ್ರೇಟರ್’ ಮೂಲಕ ತೆರೆಯಿರಿ. ಮೊದಲು ‘ಡಿಐಎಸ್‌ಎಂ /ಆನ್‌ಲೈನ್ /ಕ್ಲೀನಪ್-ಇಮೇಜ್ /ರಿಸ್ಟೋರ್‌ಹೆಲ್ತ್’ (DISM /Online /Cleanup-Image /RestoreHealth), ಅದು ಮುಗಿದ ಮೇಲೆ ‘ಎಸ್‌ಎಫ್‌ಸಿ /ಸ್ಕ್ಯಾನ್‌ನೌ’ (sfc /scannow) ಆದೇಶಗಳನ್ನು ಇಂಗ್ಲಿಷ್ ಅಕ್ಷರಗಳಲ್ಲಿ, ಓರೆಗೆರೆಗೆ ಮೊದಲು ಜಾಗ ಬಿಟ್ಟು ಟೈಪಿಸಿ. ಮೊದಲನೆಯದು ಸಾಮಾನ್ಯವಾಗಿ ವಿಂಡೋಸ್ ಅಪ್‌ಡೇಟ್‌ನಿಂದ ಕಡತಗಳನ್ನು ತರಿಸಿಕೊಳ್ಳುವುದರಿಂದ ಇಂಟರ್ನೆಟ್ ಇರಬೇಕು, ಕೆಲಹೊತ್ತು ನಿಂತಂತೆ ಕಂಡರೂ ಕಿಟಕಿಯನ್ನು ಮುಚ್ಚಬಾರದು. ‘ರೆಗ್‌ಎಸ್‌ವಿಆರ್32 ಓಡಿಸಿ’ ಎಂಬ ಸಲಹೆ ಎಲ್ಲೆಡೆ ಸಿಗುತ್ತದೆಯಾದರೂ, ಅದು ಈಗಾಗಲೇ ಇರುವ ಕೆಲವು ಬಗೆಯ ಕಡತಗಳನ್ನು ನೋಂದಾಯಿಸುತ್ತದೆಯೇ ಹೊರತು ಇಲ್ಲದ್ದನ್ನು ತಂದುಕೊಡುವುದಿಲ್ಲ.

ಹೆಸರು ಇವಾವುದಕ್ಕೂ ಹೊಂದದಿದ್ದರೆ ಅದು ಆ ತಂತ್ರಾಂಶದ ಸ್ವಂತ ಕಡತವಿರಬಹುದು. ಆಗ ತಂತ್ರಾಂಶವನ್ನು ತೆಗೆದು, ತಯಾರಕರ ತಾಣದಿಂದ ಪಡೆದು ಮತ್ತೆ ಹಾಕಿ. ಹಾಕಿದ ಕೂಡಲೇ ಮತ್ತೆ ಮಾಯವಾದರೆ ವಿಂಡೋಸ್ ಸೆಕ್ಯುರಿಟಿಯ ‘ಪ್ರೊಟೆಕ್ಷನ್ ಹಿಸ್ಟರಿ’ಯನ್ನು ನೋಡಿ, ಆ್ಯಂಟಿವೈರಸ್ ಅದನ್ನು ಎತ್ತಿಟ್ಟಿರುವ ಸಾಧ್ಯತೆ ಇದೆ. ತಯಾರಕರಿಂದಲೇ ಪಡೆದ ತಂತ್ರಾಂಶವೆಂಬುದು ಖಚಿತವಿದ್ದರೆ ಅಲ್ಲಿಂದ ‘ರಿಸ್ಟೋರ್’ ಮಾಡಬಹುದು, ಕ್ರ್ಯಾಕ್ ಮಾಡಿದ ಪ್ರತಿಯಾಗಿದ್ದರೆ ಆ ಕಡತವನ್ನು ಅಲ್ಲಿಯೇ ಬಿಟ್ಟು ತಂತ್ರಾಂಶವನ್ನೇ ತೆಗೆದುಹಾಕಿ.