ಟಿಶ್ಯೂ ಪೊಟ್ಟಣ ಮತ್ತು ಬಸ್ಸಿನ ಟವೆಲ್

ಸಿಂಗಪುರಕ್ಕೆ ಬಂದು ನೆಲೆಸಿದ ಮೇಲೆ, ಇಲ್ಲಿನ ಬದುಕಿನ ಬಗ್ಗೆ ಕನ್ನಡ ಪತ್ರಿಕೆಯೊಂದಕ್ಕೆ ಹಾಸ್ಯ ಅಂಕಣ ಬರೆಯಲು ಒಪ್ಪಿಕೊಂಡೆ. ಮೊದಲ ಕಂತೇ ಕೈಕೊಟ್ಟಿತು.

ಅದು ಹಾಕರ್ ಸೆಂಟರಿನ ಕಥೆ. ಬೀದಿಬದಿಯ ಅಡುಗೆಯವರನ್ನು ಒಂದೇ ಸೂರಿನಡಿ ತಂದ ಈ ತಾಣಗಳ ಸಂಸ್ಕೃತಿ 2020ರಲ್ಲಿ ಯುನೆಸ್ಕೊದ ಅಮೂರ್ತ ಪರಂಪರೆಯ ಪಟ್ಟಿಗೆ ಸೇರಿತು. ಮಧ್ಯಾಹ್ನದ ನೂಕುನುಗ್ಗಲಿನಲ್ಲಿ ಜನರು ಮೇಜಿನ ಮೇಲೊಂದು ಟಿಶ್ಯೂ ಪೊಟ್ಟಣವನ್ನಿಟ್ಟು ಊಟ ತರಲು ಹೋಗುತ್ತಾರೆ. ಇದಕ್ಕೆ ‘ಚೋಪ್’ ಮಾಡುವುದು ಎಂದು ಹೆಸರು, ಆ ಜಾಗದಲ್ಲಿ ಮತ್ತೊಬ್ಬರು ಕೂರುವುದಿಲ್ಲ. ನಾನು ಕೂತೆ. ಯಾರೋ ಮರೆತು ಹೋಗಿದ್ದಾರೆಂದು ಭಾವಿಸಿ ಅದರಿಂದ ಕೈಯನ್ನೂ ಒರೆಸಿಕೊಂಡೆ. ಲಕ್ಸಾ ಎಂಬ ಖಾರದ ನೂಡಲ್ಸ್ ಸಾರಿನ ಬಟ್ಟಲು ಹಿಡಿದು ಬಂದ ಹೆಣ್ಣುಮಗಳೊಬ್ಬಳು ನನ್ನನ್ನೂ ಖಾಲಿಯಾಗುತ್ತಿದ್ದ ಪೊಟ್ಟಣವನ್ನೂ ನೋಡುತ್ತ ಮೌನವಾಗಿ ನಿಂತಳು.

ಆ ಅವಮಾನದ ಸೇಡನ್ನು ಅಂಕಣದಲ್ಲಿ ತೀರಿಸಿಕೊಂಡೆ: ಚೂರು ಕಾಗದಕ್ಕೆ ಹೆದರುವ ಜನ ಇವರು ಎಂದು ಬರೆದೆ. ಓದುಗರೊಬ್ಬರ ಪತ್ರ ಬಂತು. ‘ಬಸ್ಸು ನಿಲ್ಲುವ ಮೊದಲೇ ಕಿಟಕಿಯಿಂದ ಟವೆಲ್ ಎಸೆದು ಸೀಟು ಹಿಡಿಯುವ ಊರಿನಿಂದ ಹೋದವರಲ್ಲವೇ ತಾವು?’ ಎಂದಷ್ಟೇ ಅದರಲ್ಲಿತ್ತು. ನನ್ನ ಇಡೀ ಅಂಕಣಕ್ಕಿಂತ ಆ ಒಂದು ಸಾಲಿನಲ್ಲಿ ಹೆಚ್ಚು ನಗೆಯಿತ್ತು. ಅಂದಿನಿಂದ, ಯಾವ ರೂಢಿಯನ್ನು ಕಂಡು ನಗು ಬಂದರೂ ಮೊದಲು ಅದರ ದಾಯಾದಿಯನ್ನು ನಮ್ಮೂರಿನಲ್ಲಿ ಹುಡುಕುತ್ತೇನೆ. ಸಿಗದಿದ್ದರೆ ಆ ವಿಷಯವನ್ನು ಪಕ್ಕಕ್ಕಿಡುತ್ತೇನೆ.

ಎರಡನೆಯ ಪಾಠ ಡುರಿಯನ್ ಹಣ್ಣಿನದು. ಹಲಸಿನ ಕಸಿನ್‌ನಂತೆ ಕಾಣುವ, ಆದರೆ ವಾಸನೆಯಲ್ಲಿ ಹಲಸನ್ನು ಸಾಧುಪ್ರಾಣಿಯಾಗಿಸುವ ಈ ಹಣ್ಣನ್ನು ಮೆಟ್ರೊ ರೈಲಿನಲ್ಲಿ ಒಯ್ಯುವಂತಿಲ್ಲ. ಅದಕ್ಕೆ 500 ಡಾಲರ್ ದಂಡವೆಂದು ನೆನಪಿನಿಂದಲೇ ಬರೆದು, ಕಳುಹಿಸುವ ಮುನ್ನ ಅನುಮಾನ ಬಂದು ನಿಲ್ದಾಣಕ್ಕೆ ಹೋಗಿ ಫಲಕವನ್ನು ನೋಡಿದೆ. ಧೂಮಪಾನಕ್ಕೆ 1000 ಡಾಲರ್, ತಿಂದು ಕುಡಿದರೆ 500, ಬೆಂಕಿ ಹತ್ತುವ ವಸ್ತುಗಳಿಗೆ 5000; ಡುರಿಯನ್ ಚಿತ್ರದ ಕೆಳಗೆ ಮಾತ್ರ ಮೊತ್ತವೇ ಇರಲಿಲ್ಲ. ಎಲ್ಲಕ್ಕೂ ಬೆಲೆ ಕಟ್ಟಿದ ಊರು ಒಂದು ಹಣ್ಣಿನ ಮುಂದೆ ಕೈಚೆಲ್ಲಿದಂತಿತ್ತು. ಉತ್ಪ್ರೇಕ್ಷೆ ಮಾಡಲು ಹೊರಟಿದ್ದ ನಾನು ಕಂಡದ್ದನ್ನು ಕಂಡಂತೆ ಬರೆದೆ.

ಚೀನೀ ಪಂಚಾಂಗದ ಏಳನೆಯ ತಿಂಗಳಿನಲ್ಲಿ, ಪ್ರೇತಗಳು ಭೂಮಿಗೆ ಬರುತ್ತವೆಂಬ ನಂಬಿಕೆಯಿರುವ ಕಾಲದಲ್ಲಿ, ಬಡಾವಣೆಗಳಲ್ಲಿ ‘ಗೆತೈ’ ಎಂಬ ಹಾಡಿನ ಮೇಳಗಳು ನಡೆಯುತ್ತವೆ. ಮುಂದಿನ ಸಾಲಿನ ಕುರ್ಚಿಗಳನ್ನು ಬಂದ ಪ್ರೇತಗಳಿಗೆಂದು ಖಾಲಿ ಬಿಡುತ್ತಾರೆ. ಪೆನ್ನು ತುದಿಯಲ್ಲಿ ನಾಲ್ಕು ಚೇಷ್ಟೆಗಳು ಸಿದ್ಧವಾಗಿದ್ದವು. ಆಗ ಮಹಾಲಯ ಅಮಾವಾಸ್ಯೆಯಂದು ಅಜ್ಜನಿಗೆ ಎಡೆಯಿಟ್ಟು, ಅವರು ಬಂದು ಉಣ್ಣಲೆಂದು ಬಾಗಿಲು ಮುಚ್ಚಿ ಹೊರಗೆ ಕಾಯುತ್ತಿದ್ದ ಅಮ್ಮನ ನೆನಪಾಯಿತು. ಚೇಷ್ಟೆಗಳನ್ನೆಲ್ಲ ಹೊಡೆದುಹಾಕಿ ಒಂದನ್ನು ಮಾತ್ರ ಉಳಿಸಿಕೊಂಡೆ: ಟಿಶ್ಯೂ ಪೊಟ್ಟಣವಿಲ್ಲದೆಯೂ ಸಿಂಗಪುರದಲ್ಲಿ ಯಾರೂ ಕೂರದ ಕುರ್ಚಿಗಳು ಅವು.